ಲೆಕ್ಕ ಕೇಳುವ ಹಕ್ಕು

ಮೂಡಲಗಿಯ ದನದ ಸಂತೆ ನೋಡಿದವರಿಗೆ ಈ ದೃಶ್ಯ ಹೊಸದಲ್ಲ. ಒಂದು ಜೋಡೆತ್ತು. ಒಂದು ಕಡೆ ಮಾರುವವನು, ಇನ್ನೊಂದು ಕಡೆ ಕೊಳ್ಳುವವನು, ನಡುವೆ ದಲ್ಲಾಳಿ. ಎತ್ತಿನ ಬಾಯಿ ಬಿಡಿಸಿ ಹಲ್ಲು ಎಣಿಸಿದ್ದಾಯಿತು, ಸುಳಿ ನೋಡಿದ್ದಾಯಿತು, ನಾಲ್ಕು ಹೆಜ್ಜೆ ನಡೆಸಿ ಕಾಲು ನೋಡಿದ್ದಾಯಿತು. ಇನ್ನು ಉಳಿದದ್ದು ಬೆಲೆ. ದಲ್ಲಾಳಿ ಹೆಗಲ ಮೇಲಿನ ಟವೆಲು ತೆಗೆದು ಕೈಮೇಲೆ ಹರವಿಕೊಳ್ಳುತ್ತಾನೆ. ಅದರ ಅಡಿಯಲ್ಲಿ ಕೈಗೆ ಕೈ ಸೇರುತ್ತದೆ, ಬೆರಳು ಬೆರಳು ಮಾತಾಡುತ್ತವೆ. ಸುತ್ತ ಹತ್ತು ಮಂದಿ ನಿಂತು ನೋಡುತ್ತಿದ್ದರೂ ಬೆಲೆ ಗೊತ್ತಾಗುವುದು ಆ ಎರಡು ಕೈಗಳಿಗೆ ಮಾತ್ರ.

ಅಂಥದೊಂದು ಸಂತೆಯ ದಿನ ಚಹಾದಂಗಡಿಯಲ್ಲಿ ಕೂತಿದ್ದೆ. ಪಕ್ಕದ ಬೆಂಚಿನ ರೈತರೊಬ್ಬರು ಕಬ್ಬಿನ ಬಿಲ್ಲಿನ ಬಾಕಿ, ಆಫೀಸಿನ ಅಲೆದಾಟ, ಚುನಾವಣೆಯಲ್ಲಿ ಹಂಚುವ ದುಡ್ಡು ಎಲ್ಲವನ್ನೂ ಹೇಳಿಕೊಂಡು ಕೊನೆಗೆ ಅಂದರು: "ಇವರ ಆಟ ಸಾಕಾಗೇತ್ರಿ ಮಾಸ್ತರ. ಐದ ವರ್ಷ ಮಿಲಿಟರಿ ಆಡಳಿತ ಬರಬೇಕ. ಒಬ್ಬ ಗಟ್ಟಿ ಮನಷ್ಯಾ ಕುಂತಾ ಅಂದ್ರ ಎಲ್ಲಾರೂ ಸರಳ ಆಕ್ಕಾರ." ಅಂಗಡಿಯಲ್ಲಿದ್ದ ಅರ್ಧ ಮಂದಿ ತಲೆಯಾಡಿಸಿದರು.

ಮೂವತ್ತು ವರ್ಷ ಹೈಸ್ಕೂಲು ಮಕ್ಕಳಿಗೆ ಪೌರನೀತಿ ಕಲಿಸಿದವನು ನಾನು. ಆ ಮಾತು ಎದೆಗೆ ನಾಟಿತು. ಆ ರೈತರ ಸಿಟ್ಟು ಸುಳ್ಳಲ್ಲ, ಅವರ ನೋವೂ ಸುಳ್ಳಲ್ಲ. ಅವರು ಹುಡುಕಿಕೊಂಡ ಔಷಧ ಮಾತ್ರ ರೋಗಕ್ಕಿಂತ ಕೆಟ್ಟದ್ದು. ಹಾಗೇಕೆ ಎಂಬುದನ್ನು ನಮ್ಮ ಬೆಳಗಾವಿ ಜಿಲ್ಲೆಯ ಗೋಕಾಕ, ಮೂಡಲಗಿ, ಹುಕ್ಕೇರಿಗಳ ಅನುಭವದಿಂದಲೇ ಇವತ್ತು ಹೇಳಬೇಕೆಂದಿದ್ದೇನೆ.

ಪ್ರಜಾಪ್ರಭುತ್ವಕ್ಕೂ ಸರ್ವಾಧಿಕಾರಕ್ಕೂ ಏನು ವ್ಯತ್ಯಾಸ? ಪಠ್ಯಪುಸ್ತಕ ಚುನಾವಣೆ ಎನ್ನುತ್ತದೆ, ಸಂವಿಧಾನ ಎನ್ನುತ್ತದೆ, ಮೂಲಭೂತ ಹಕ್ಕು ಎನ್ನುತ್ತದೆ. ಎಲ್ಲವೂ ನಿಜ. ಇವೆಲ್ಲದರ ಬೇರಿನಲ್ಲಿ ಇರುವುದು ಒಂದೇ ಪ್ರಶ್ನೆ: ಲೆಕ್ಕ ಯಾರು ಯಾರನ್ನು ಕೇಳಬಹುದು? ಬಸವಪುರಾಣದ ಕಥೆ ನಿಮಗೆಲ್ಲ ಗೊತ್ತು. ಭಂಡಾರಿ ಬಸವಣ್ಣನವರು ಬೊಕ್ಕಸದ ಹಣವನ್ನು ಜಂಗಮರಿಗೆ ಸುರಿಯುತ್ತಿದ್ದಾರೆಂದು ಚಾಡಿ ಹೇಳಿದರಂತೆ. ಅರಸ ಬಿಜ್ಜಳ ಲೆಕ್ಕ ಕೇಳಿದನಂತೆ. ಎಣಿಸಿದಾಗ ಹಣ ಒಂದಿಷ್ಟೂ ಕಡಿಮೆ ಬರಲಿಲ್ಲವಂತೆ. ಬಸವಣ್ಣನವರು ಲೆಕ್ಕ ಕೊಟ್ಟರು. ಆದರೆ ಬಿಜ್ಜಳನನ್ನು ಲೆಕ್ಕ ಕೇಳುವವರು ಕಲ್ಯಾಣದಲ್ಲಿ ಯಾರಿದ್ದರು? ಅರಸೊತ್ತಿಗೆಯಲ್ಲಿ ಲೆಕ್ಕ ಕೆಳಗಿನಿಂದ ಮೇಲಕ್ಕೆ ಹೋಗುತ್ತದೆ. ಪ್ರಜಾಪ್ರಭುತ್ವದಲ್ಲಿ ಮೇಲಿನಿಂದ ಕೆಳಕ್ಕೆ ಬರಬೇಕು. ರಾಜಕೀಯದ ಬೇರೆಲ್ಲ ವ್ಯತ್ಯಾಸಗಳೂ ಅರ್ಥವ್ಯವಸ್ಥೆಯ ವ್ಯತ್ಯಾಸಗಳೂ ಇದರಿಂದಲೇ ಹುಟ್ಟುತ್ತವೆ.

ಇದನ್ನು ನಮ್ಮ ಕಪ್ಪು ಮಣ್ಣಿನ ಮೇಲೇ ಪರೀಕ್ಷೆ ಮಾಡಿ ನೋಡೋಣ. 1876ರಲ್ಲಿ ಮಳೆ ಕೈಕೊಟ್ಟಿತು. ಬೆಳಗಾವಿ, ಧಾರವಾಡ, ವಿಜಯಪುರದ ಸೀಮೆ ಆಗ ಮುಂಬಯಿ ಪ್ರಾಂತದಲ್ಲಿತ್ತು. 1878ರವರೆಗೆ ನಡೆದ ಆ ಬರದಲ್ಲಿ ದಕ್ಷಿಣ ಮತ್ತು ಪಶ್ಚಿಮ ಭಾರತದಲ್ಲಿ ಸತ್ತವರು 50 ಲಕ್ಷಕ್ಕೂ ಹೆಚ್ಚು. ಜನ ಸಾಯುತ್ತಿದ್ದಾಗಲೇ ಬಂದರುಗಳಿಂದ ಧಾನ್ಯ ಹೊರದೇಶಕ್ಕೆ ಹೋಗುತ್ತಿತ್ತು. 1877ರ ಜನವರಿ 1ರಂದು ದಿಲ್ಲಿಯಲ್ಲಿ ವಿಕ್ಟೋರಿಯಾ ರಾಣಿಗೆ ಚಕ್ರವರ್ತಿನಿಯ ಪಟ್ಟ ಸಾರುವ ಮಹಾದರ್ಬಾರು ನಡೆಯಿತು. ಅದೇ ತಿಂಗಳುಗಳಲ್ಲಿ ಸರ್ ರಿಚರ್ಡ್ ಟೆಂಪಲ್ ಎಂಬ ಅಧಿಕಾರಿ ಬರಗಾಲದ ಕಾಮಗಾರಿಯ ಕೂಲಿಯನ್ನು ಇಳಿಸಿದ. ಇಡೀ ದಿನ ಕಲ್ಲು ಒಡೆಯುವ ಗಂಡಾಳಿಗೆ ಒಂದು ಪೌಂಡ್ ಧಾನ್ಯ, ಅಂದರೆ ಅರ್ಧ ಕಿಲೋಗೂ ಕಡಿಮೆ, ಮತ್ತು ಒಂದು ಆಣೆ. ಪುಣೆಯ ಸಾರ್ವಜನಿಕ ಸಭೆಯವರು ಊರೂರಿನ ಸುದ್ದಿ ತರಿಸಿ ಅರ್ಜಿಯ ಮೇಲೆ ಅರ್ಜಿ ಬರೆದರು. ಆದರೆ ಟೆಂಪಲ್‌ನಿಗೆ ನಮ್ಮ ರೈತನ ಓಟು ಬೇಕಾಗಿರಲಿಲ್ಲ. ವೈಸರಾಯ್ ಲಿಟ್ಟನ್‌ನಿಗೂ ಬೇಕಾಗಿರಲಿಲ್ಲ. ಅವರು ಲೆಕ್ಕ ಕೊಡಬೇಕಾದದ್ದು ಲಂಡನ್ನಿಗೆ, ಹಸಿದವರಿಗಲ್ಲ.

ಇನ್ನು 1972ಕ್ಕೆ ಬನ್ನಿ. ಅದೇ ಮಣ್ಣು, ಅದೇ ಜೋಳದ ಹೊಲ, ಅದೇ ರೀತಿ ಬೆನ್ನು ತಿರುಗಿಸಿ ಹೋದ ಮೋಡ. ಎಪ್ಪತ್ತೆರಡರ ಬರ ಎಂದರೆ ನಮ್ಮ ಕಡೆಯ ಹಿರಿಯರಿಗೆ ಈಗಲೂ ಮೈ ಜುಮ್ಮೆನ್ನುತ್ತದೆ. ದನಗಳನ್ನು ಮಾರಿಕೊಂಡರು, ಪರದೇಶದ ಕೆಂಪು ಜೋಳದ ರೊಟ್ಟಿ ತಟ್ಟಿದರು, ಬುಟ್ಟಿ ಸಲಿಕೆ ಹಿಡಿದು ಬರಗಾಲದ ಕಾಮಗಾರಿಗೆ ನಡೆದರು. ಗಡಿಯಾಚೆ ಮಹಾರಾಷ್ಟ್ರದಲ್ಲಂತೂ 1973ರ ಬೇಸಿಗೆಯಲ್ಲಿ ಸುಮಾರು 50 ಲಕ್ಷ ಮಂದಿ ಅಂಥ ಕೆಲಸದಲ್ಲಿದ್ದರು. ಕಷ್ಟ ಬೆಟ್ಟದಷ್ಟಿತ್ತು. ಆದರೆ 1877ರಂತೆ ದಾರಿಬದಿಯಲ್ಲಿ ಲಕ್ಷಗಟ್ಟಲೆ ಹೆಣ ಬೀಳಲಿಲ್ಲ. ಸ್ವತಂತ್ರ ಪತ್ರಿಕೆ ಮತ್ತು ಚುನಾವಣೆ ಇರುವ ದೇಶದಲ್ಲಿ ದೊಡ್ಡ ಕ್ಷಾಮ ನಡೆದದ್ದಿಲ್ಲ ಎಂದು ಅರ್ಥಶಾಸ್ತ್ರಜ್ಞ ಅಮರ್ತ್ಯ ಸೇನ್ ತೋರಿಸಿಕೊಟ್ಟದ್ದು ಇದನ್ನೇ. ಮಳೆ ತರಿಸುವ ಶಕ್ತಿ ಪ್ರಜಾಪ್ರಭುತ್ವಕ್ಕೂ ಇಲ್ಲ. ಹಸಿವಿನ ಸುದ್ದಿಯನ್ನು ಮೇಲಕ್ಕೆ ಮುಟ್ಟಿಸಿ, ಮೇಲಿನವರ ನಿದ್ದೆ ಕೆಡಿಸುವ ಶಕ್ತಿ ಇದೆ.

ಆ ಶಕ್ತಿ ಇಲ್ಲದ ಕಡೆ ಏನಾಗುತ್ತದೆ ಎಂಬುದಕ್ಕೆ ನೆರೆಯ ಚೀನಾವೇ ಸಾಕ್ಷಿ. 1958ರಲ್ಲಿ ಮಾವೋ ಒಂದೇ ನೆಗೆತಕ್ಕೆ ದೇಶವನ್ನು ಮುಂದೆ ಒಯ್ಯುತ್ತೇನೆಂದು ಹೊರಟ. ಹಳ್ಳಿಯ ಅಧಿಕಾರಿಗಳು ಮೇಲಿನವರನ್ನು ಮೆಚ್ಚಿಸಲು ಬೆಳೆದದ್ದಕ್ಕಿಂತ ಹಲವು ಪಟ್ಟು ಬೆಳೆ ಬಂದಿದೆ ಎಂದು ಬರೆದು ಕಳಿಸಿದರು. ಆ ಸುಳ್ಳು ಲೆಕ್ಕದ ಮೇಲೆ ಸರ್ಕಾರ ಧಾನ್ಯ ಎತ್ತಿಕೊಂಡು ಹೋಯಿತು. ರೈತನ ಕಣಜ ಬರಿದಾಯಿತು. 1959ರಲ್ಲಿ ರಕ್ಷಣಾ ಸಚಿವ ಪೆಂಗ್ ದೆಹುವಾಯ್, ತಾನು ಕಣ್ಣಾರೆ ಕಂಡ ಸತ್ಯವನ್ನು ಮಾವೋಗೆ ಕಾಗದದಲ್ಲಿ ಬರೆದ. ಯುದ್ಧಗಳನ್ನು ಗೆದ್ದುಕೊಟ್ಟ ಸೇನಾಪತಿ ಆತ. ಆ ಒಂದು ಕಾಗದಕ್ಕಾಗಿ ಅಧಿಕಾರದಿಂದ ಕೆಳಗಿಳಿಸಿದರು. ಆಮೇಲೆ ಸತ್ಯ ಹೇಳುವ ಧೈರ್ಯ ಯಾರಿಗಿದ್ದೀತು? ಮೂರು ವರ್ಷದಲ್ಲಿ ಹಸಿವಿನಿಂದ ಸತ್ತವರು ಕಡಿಮೆ ಎಣಿಸಿದರೂ ಒಂದೂವರೆ ಕೋಟಿ. ಮೂರು ಕೋಟಿ ದಾಟಿತು ಎನ್ನುವ ವಿದ್ವಾಂಸರೂ ಇದ್ದಾರೆ. ಗಟ್ಟಿ ಮನುಷ್ಯನೊಬ್ಬ ಕೂತಿದ್ದ. ಎಲ್ಲರೂ ಸರಳವಾಗಿದ್ದರು. ಎಷ್ಟು ಸರಳವೆಂದರೆ, ಅನ್ನ ಇಲ್ಲ ಎಂದು ಹೇಳಲೂ ಬಾಯಿ ಬರದಷ್ಟು.

ಈಗ ಬೆಳಕಿನ ಮಾತಿಗೆ ಬರುತ್ತೇನೆ. ಘಟಪ್ರಭೆ ಗೋಕಾಕದ ಹತ್ತಿರ 170 ಅಡಿ ಎತ್ತರದಿಂದ ಧುಮುಕುತ್ತಾಳೆ. ಆ ನೀರಿನ ಬಲ ಹಿಡಿದು 1880ರ ದಶಕದಲ್ಲೇ ಗೋಕಾಕ ಫಾಲ್ಸ್‌ನಲ್ಲಿ ನೂಲಿನ ಗಿರಣಿ ತಿರುಗತೊಡಗಿತು. ಸಾವಿರಾರು ಕುಟುಂಬಗಳು ಅದರಿಂದ ಅನ್ನ ಉಂಡಿವೆ. ಆದರೆ ಯೋಚಿಸಿ ನೋಡಿ. ಗಿರಣಿ ತಿರುಗಿದ ಮೇಲೂ ಎಂಬತ್ತು ವರ್ಷ, ಅದೇ ನದಿಯ ಸೀಮೆಯ ಬಹುಪಾಲು ಹಳ್ಳಿಗಳಲ್ಲಿ ಸಂಜೆಯಾದರೆ ಕಂದೀಲಿನ ಗಾಜು ಒರೆಸುತ್ತಿದ್ದರು. 1947ರಲ್ಲಿ ಇಡೀ ದೇಶದಲ್ಲಿ ವಿದ್ಯುತ್ ಕಂಡ ಹಳ್ಳಿಗಳು ಸುಮಾರು 1500 ಮಾತ್ರ. ತಂತ್ರಜ್ಞಾನ ಇತ್ತು, ನೀರಿತ್ತು, ಬಂಡವಾಳವೂ ಇತ್ತು. ಬೆಳಕು ಯಾರ ಮನೆಗೆ ಹೋಗಬೇಕು ಎಂದು ತೀರ್ಮಾನಿಸುವ ಜಾಗದಲ್ಲಿ ಆ ಮನೆಯವರು ಇರಲಿಲ್ಲ, ಅಷ್ಟೆ.

ಅವರು ಆ ಜಾಗಕ್ಕೆ ಬಂದ ಕಥೆ ಹುಕ್ಕೇರಿಯದು. 1969ರಲ್ಲಿ ಹುಕ್ಕೇರಿ ತಾಲ್ಲೂಕಿನಲ್ಲಿ ಗ್ರಾಮೀಣ ವಿದ್ಯುತ್ ಸಹಕಾರಿ ಸಂಘ ಹುಟ್ಟಿತು. ಆಗ ದೇಶದಲ್ಲಿ ಪ್ರಯೋಗವೆಂದು ಆರಿಸಿಕೊಂಡದ್ದು ಐದೇ ಜಾಗ: ಆಗಿನ ಆಂಧ್ರದ ಸಿರಿಸಿಲ್ಲ, ಗುಜರಾತಿನ ಕೋಡಿನಾರ್, ಮಹಾರಾಷ್ಟ್ರದ ಮುಳಾ-ಪ್ರವರಾ, ಉತ್ತರಪ್ರದೇಶದ ಲಖನೌ ಮತ್ತು ನಮ್ಮ ಹುಕ್ಕೇರಿ. ಮಾದರಿ ಅಮೆರಿಕದ ರೈತರದು. ಅಲ್ಲಿ 1930ರ ದಶಕದಲ್ಲಿ ಖಾಸಗಿ ಕಂಪನಿಗಳು ಹಳ್ಳಿಗೆ ತಂತಿ ಎಳೆದರೆ ಲಾಭವಿಲ್ಲ ಎಂದು ಕೈಚೆಲ್ಲಿದ್ದವು. ಹತ್ತು ಹೊಲಮನೆಗಳಲ್ಲಿ ಒಂದಕ್ಕೆ ಮಾತ್ರ ವಿದ್ಯುತ್ ಇತ್ತು. ಆಗ ರೂಸ್ವೆಲ್ಟ್ ಸರ್ಕಾರದ ಸಾಲ ಪಡೆದು ರೈತರೇ ಸಹಕಾರಿ ಸಂಘ ಕಟ್ಟಿಕೊಂಡು ಕಂಬ ನಿಲ್ಲಿಸಿದರು. ಅದೇ ವಿಚಾರ ನಮ್ಮಲ್ಲಿಗೆ ಬಂದಾಗ ಅದನ್ನು ಬಿತ್ತಲು ಹುಕ್ಕೇರಿಯ ನೆಲ ಹದವಾಗಿತ್ತು. ಸಂಕೇಶ್ವರದಲ್ಲಿ ಹಿರಣ್ಯಕೇಶಿ ನದಿಯ ಹೆಸರಿನ ಸಹಕಾರಿ ಸಕ್ಕರೆ ಕಾರ್ಖಾನೆ ಕಟ್ಟಿದ ಅಪ್ಪಣಗೌಡ ಪಾಟೀಲರೇ ಈ ವಿದ್ಯುತ್ ಸಂಘಕ್ಕೂ ಮುಂದಾಳಾದರು.

ಹತ್ತು ಜನರ ಹುಲ್ಲುಕಡ್ಡಿ ಒಬ್ಬನ ತಲೆಹೊರೆ ಎನ್ನುತ್ತಾರಲ್ಲ, ಸಹಕಾರದ ಅರ್ಥಶಾಸ್ತ್ರ ಅಷ್ಟೇ. ಕರೆಂಟು ಉರಿಸುವವನೇ ಸದಸ್ಯ. ಸದಸ್ಯನದೇ ಷೇರು. ಎಷ್ಟೇ ಷೇರು ಇರಲಿ, ಸದಸ್ಯನಿಗೆ ಓಟು ಒಂದೇ. ಆಡಳಿತ ಮಂಡಳಿಯನ್ನು ಸದಸ್ಯರೇ ಆರಿಸುತ್ತಾರೆ. ಸಂಘ ಸಗಟಿನಲ್ಲಿ ವಿದ್ಯುತ್ ಕೊಂಡು ತನ್ನ ಕಂಬ, ತನ್ನ ತಂತಿ, ತನ್ನ ಲೈನ್‌ಮನ್‌ಗಳ ಮೂಲಕ ಮನೆಗೆ, ಪಂಪ್‌ಸೆಟ್ಟಿಗೆ, ಹಿಟ್ಟಿನ ಗಿರಣಿಗೆ ಮುಟ್ಟಿಸುತ್ತದೆ. ಆ ಐದರಲ್ಲಿ ಕೆಲವು ಸಂಘಗಳು ಕಾಲಾಂತರದಲ್ಲಿ ಸರ್ಕಾರಿ ಕಂಪನಿಗಳಲ್ಲಿ ಲೀನವಾದವು. ಹುಕ್ಕೇರಿಯ ಸಂಘ ಅರ್ಧ ಶತಮಾನ ದಾಟಿತು. ಕರ್ನಾಟಕದಲ್ಲಿ ಹೀಗೆ ವಿದ್ಯುತ್ ಹಂಚುವ ಸಹಕಾರಿ ಸಂಘ ಇದೊಂದೇ. ಆರ್ಥಿಕ ಪ್ರಜಾಪ್ರಭುತ್ವ ಎಂದರೆ ಏನು ಎಂದು ಮಕ್ಕಳು ಕೇಳಿದಾಗ ನಾನು ಪುಸ್ತಕ ತೆರೆಯುತ್ತಿರಲಿಲ್ಲ, ಹುಕ್ಕೇರಿಯ ರಸ್ತೆಬದಿಯ ಒಂದು ಕಂಬ ತೋರಿಸುತ್ತಿದ್ದೆ.

ಇಂಥ ಸಂಸ್ಥೆಗಳ ಪ್ರಾಣ ಇರುವುದು ಕಂಬದಲ್ಲೂ ಅಲ್ಲ, ಕಟ್ಟಡದಲ್ಲೂ ಅಲ್ಲ. ವರ್ಷಕ್ಕೊಮ್ಮೆ ನಡೆಯುವ ವಾರ್ಷಿಕ ಸಾಧಾರಣ ಸಭೆಯಲ್ಲಿ. ನಾನು ಕಂಡ ಒಂದು ಸಭೆಯನ್ನು ಹೇಳಬೇಕು. ನಮ್ಮ ಸೀಮೆಯದೇ ಒಂದು ಸಣ್ಣ ಊರು, ಅಲ್ಲಿಯ ಪಿಕೆಪಿಎಸ್, ಅಂದರೆ ರೈತರಿಗೆ ಬೆಳೆಸಾಲ ಕೊಡುವ ಸಹಕಾರಿ ಸಂಘ. ಗುಡಿಯ ಮುಂದೆ ಪೆಂಡಾಲು ಹಾಕಿದ್ದರು. ವರದಿಯ ಪುಸ್ತಕ ಹಂಚಿದ್ದಾಯಿತು. ಕಾರ್ಯದರ್ಶಿ ಗಡಬಡಿಸಿ ಓದುತ್ತ ಹೋದರು. ಒಂದೊಂದು ವಿಷಯಕ್ಕೂ ಮುಂದಿನ ಸಾಲಿನವರು "ಮಂಜೂರ, ಮಂಜೂರ" ಎಂದರು. ಹಿಂದೆ ಚಹಾ ಕುದಿಯುತ್ತಿತ್ತು. ಅಷ್ಟರಲ್ಲಿ ಹೆಂಗಸರ ಸಾಲಿನಿಂದ ಒಬ್ಬ ತಾಯಿ ಸೆರಗು ತಲೆಮೇಲೆ ಎಳೆದುಕೊಂಡು ಎದ್ದು ನಿಂತರು. ಗಂಡ ತೀರಿಕೊಂಡ ಮೇಲೆ ಷೇರು ಆಕೆಯ ಹೆಸರಿಗೆ ಬಂದಿತ್ತು. "ಅಧ್ಯಕ್ಷರ, ತಪ್ಪ ತಿಳ್ಕೋಬ್ಯಾಡ್ರಿ. ಖರ್ಚಿನ ಪಾನಾದಾಗ 'ಇತರೆ ಖರ್ಚು' ಅಂತ ಒಂದ ಸಾಲ ಐತಿ. ಮೇಲಿನ ಎಲ್ಲಾ ಸಾಲಕಿಂತ ಅದ ದೊಡ್ಡದೈತಿ. ಇತರೆ ಅಂದ್ರ ಏನ್ರಿ?"

ಪೆಂಡಾಲು ಗಪ್ಪಾಯಿತು. ಮುಂದಿನ ಸಾಲಿನ ಒಬ್ಬ, "ಯಕ್ಕಾ ಕುಂದರ, ಚಹಾ ಬಂತು" ಎಂದ. ಆಕೆ ಕೂರಲಿಲ್ಲ. ಅಧ್ಯಕ್ಷರು ದೊಡ್ಡ ಮನುಷ್ಯರೆನಿಸಿಕೊಂಡದ್ದು ಆ ಗಳಿಗೆಯಲ್ಲಿ. "ಫೈಲ್ ತಗೊಂಡ ಬಾ" ಎಂದು ಕಾರ್ಯದರ್ಶಿಗೆ ಹೇಳಿದರು. ವೋಚರುಗಳನ್ನು ಒಂದೊಂದಾಗಿ ಓದಿಸಿದರು. ಗೋದಾಮಿನ ಛಾವಣಿ ರಿಪೇರಿ, ಲಾರಿ ಬಾಡಿಗೆ, ತಿಜೋರಿಯ ಬೀಗ, ಅಧಿಕಾರಿಗಳು ಬಂದಾಗಿನ ಊಟ. ಕಳ್ಳತನ ಏನೂ ಇರಲಿಲ್ಲ. ಊಟದ ಖರ್ಚು ಜಾಸ್ತಿಯಾಯಿತೆಂದು ನಾಲ್ಕು ಮಂದಿ ಅಂದರು, ಅಧ್ಯಕ್ಷರು ಒಪ್ಪಿಕೊಂಡರು. ಮರುವರ್ಷದ ವರದಿ ನನ್ನ ಕೈಗೆ ಬಂದಾಗ ಮೊದಲು ಆ ಪುಟ ತೆಗೆದೆ. 'ಇತರೆ ಖರ್ಚು' ಏಳು ಸಾಲಾಗಿ ಬಿಡಿಸಿಕೊಂಡು ಬಂದಿತ್ತು. ಊಟದ ಖರ್ಚು ಅರ್ಧಕ್ಕೆ ಇಳಿದಿತ್ತು.

ಕೇಳುಗರೇ, ಸರ್ವಾಧಿಕಾರ ಎಂದರೆ ಇಡೀ ದೇಶದ ಲೆಕ್ಕವೇ 'ಇತರೆ ಖರ್ಚು' ಆಗಿಬಿಡುವುದು. ಟವೆಲಿನ ಕೆಳಗೆ ಕೈ ಹಿಡಿದು ಮಾಡುವ ವ್ಯಾಪಾರ ಅದು. ಇಂದು ಕಾಂಗೋ ಎನ್ನುವ ದೇಶವನ್ನು ಮೊಬುಟು 1965ರಿಂದ 1997ರವರೆಗೆ ಆಳಿದ. ಅದರ ನೆಲದಡಿ ತಾಮ್ರವಿದೆ, ಕೋಬಾಲ್ಟ್ ಇದೆ, ವಜ್ರವಿದೆ. ಆ ಸಂಪತ್ತು ಆತನ ಅರಮನೆಗಳಿಗೆ ಹೋಯಿತು, ಜನಕ್ಕೆ ರಸ್ತೆಯೂ ಉಳಿಯಲಿಲ್ಲ. ಉಗಾಂಡಾದಲ್ಲಿ 1972ರಲ್ಲಿ ಇದಿ ಅಮೀನ್, ಏಷ್ಯಾ ಮೂಲದ ವ್ಯಾಪಾರಿಗಳು 90 ದಿನದೊಳಗೆ ದೇಶ ಬಿಡಬೇಕೆಂದು ಆಜ್ಞೆ ಮಾಡಿದ. ಅವರಲ್ಲಿ ಬಹುಪಾಲು ನಮ್ಮ ಗುಜರಾತಿನ ಕಡೆಯವರು. ತಲೆಮಾರುಗಳ ದುಡಿಮೆಯ ಅಂಗಡಿ, ಗಿರಣಿಗಳನ್ನು ಬಿಟ್ಟು ಉಟ್ಟ ಬಟ್ಟೆಯಲ್ಲಿ ಹೊರಟರು. ಅವು ಆತನ ಹಿಂಬಾಲಕರ ಪಾಲಾದವು, ಬೇಗನೆ ಬಾಗಿಲೂ ಮುಚ್ಚಿದವು. ನಾಳೆ ಬೆಳಿಗ್ಗೆ ಅರಸನ ಮರ್ಜಿ ಬದಲಾದರೆ ನನ್ನ ಅಂಗಡಿ ನನ್ನದಲ್ಲ ಎಂದಾದರೆ ಯಾರು ಬಂಡವಾಳ ಹಾಕುತ್ತಾರೆ? ಯಾರು ಬಾವಿ ತೋಡುತ್ತಾರೆ, ಯಾರು ಮಾವಿನ ಸಸಿ ನೆಡುತ್ತಾರೆ?

ಇಲ್ಲಿ ನೀವು ಒಂದು ಪ್ರಶ್ನೆ ಕೇಳಬೇಕು, ಕೇಳುವುದು ನ್ಯಾಯವೂ ಹೌದು. ದಕ್ಷಿಣ ಕೊರಿಯಾ? ಸಿಂಗಪುರ? 1978ರ ನಂತರದ ಚೀನಾ? ಅಲ್ಲೆಲ್ಲ ಬಿಗಿಮುಷ್ಟಿಯ ಆಡಳಿತದಲ್ಲೇ ಜನ ಶ್ರೀಮಂತರಾಗಲಿಲ್ಲವೆ? ಆದರು, ಅದನ್ನು ಮುಚ್ಚಿಡುವ ಅಗತ್ಯವಿಲ್ಲ. ಆದರೆ ಸರ್ವಾಧಿಕಾರ ಮಟಕಾ ಇದ್ದ ಹಾಗೆ. ಒಬ್ಬನಿಗೆ ನಂಬರು ಹತ್ತಿದ್ದನ್ನು ಊರೆಲ್ಲ ಹೇಳುತ್ತದೆ. ಮನೆ ಮಾರಿಕೊಂಡ ನೂರು ಮಂದಿಯ ಸುದ್ದಿ ಯಾರೂ ಹೇಳುವುದಿಲ್ಲ. ಒಂದು ಸಿಂಗಪುರಕ್ಕೆ ಎಷ್ಟೋ ಕಾಂಗೋಗಳು. ಅದೃಷ್ಟಕ್ಕೆ ಒಳ್ಳೆಯವನೇ ಬಂದರೂ ಅವನ ನಂತರ ಬರುವವನನ್ನು ಆರಿಸುವ ಹಕ್ಕು ನಿಮಗಿಲ್ಲ. 2024ರಲ್ಲಿ ಅರ್ಥಶಾಸ್ತ್ರದ ನೊಬೆಲ್ ಪಡೆದ ಅಸೆಮೊಗ್ಲು, ರಾಬಿನ್ಸನ್ ಮುಂತಾದವರು ಹಲವು ದಶಕಗಳ ಅಂಕಿಅಂಶ ಸೋಸಿ ನೋಡಿದ್ದಾರೆ. ಪ್ರಜಾಪ್ರಭುತ್ವಕ್ಕೆ ಬಂದ ದೇಶದ ತಲಾ ಆದಾಯ, ಸುಮಾರು ಇಪ್ಪತ್ತೈದು ವರ್ಷಗಳಲ್ಲಿ, ಬಾರದೆ ಉಳಿದಿದ್ದರೆ ಆಗುತ್ತಿದ್ದುದಕ್ಕಿಂತ ಶೇಕಡಾ 20ರಷ್ಟು ಹೆಚ್ಚಾಗುತ್ತದೆ ಎಂಬುದು ಅವರ ಎಣಿಕೆ. ಕೊರಿಯಾದವರೇ 1987ರಲ್ಲಿ ಬೀದಿಗಿಳಿದು ಸೇನಾ ಆಡಳಿತವನ್ನು ಕಿತ್ತುಹಾಕಿದರು. ಆಮೇಲೂ ದೇಶ ಬೆಳೆಯುತ್ತಲೇ ಹೋಯಿತು. 2024ರ ಡಿಸೆಂಬರಿನಲ್ಲಿ ಅಲ್ಲಿಯ ಅಧ್ಯಕ್ಷರು ರಾತ್ರೋರಾತ್ರಿ ಸೇನಾ ಕಾನೂನು ಹೇರಿದಾಗ, ಸಂಸದರು ಸಂಸತ್ತಿನ ಗೋಡೆ ಹಾರಿ ಒಳಹೊಕ್ಕು ಮತ ಹಾಕಿ ಅದನ್ನು ರದ್ದು ಮಾಡಿಸಿದರು. ಗಟ್ಟಿ ಮನುಷ್ಯನ ರುಚಿ ಕಂಡವರು ಮತ್ತೆ ಅದನ್ನು ಬೇಡಲಿಲ್ಲ.

ನಾವೂ ಆ ರುಚಿ ಕಂಡವರೇ. 1975ರ ಜೂನ್ 25ರ ರಾತ್ರಿ ತುರ್ತುಪರಿಸ್ಥಿತಿ ಬಂತು. ಆ ರಾತ್ರಿ ದಿಲ್ಲಿಯಲ್ಲಿ ಪತ್ರಿಕೆಗಳು ಅಚ್ಚಾಗಬಾರದೆಂದು ಮುದ್ರಣಾಲಯಗಳ ಬೀದಿಯ ವಿದ್ಯುತ್ತನ್ನೇ ಕಡಿದರು. ಹುಕ್ಕೇರಿಯ ರೈತರು ಕಂಬ ನಿಲ್ಲಿಸಿ ಬೆಳಕು ತಂದುಕೊಳ್ಳುತ್ತಿದ್ದ ಕಾಲದಲ್ಲೇ ರಾಜಧಾನಿಯಲ್ಲಿ ಸುದ್ದಿ ಕತ್ತಲಾಗಲೆಂದು ತಂತಿ ಕಡಿದ ವಿಚಿತ್ರ ಅದು. ವಾಜಪೇಯಿ, ಅಡ್ವಾಣಿ, ಮಧು ದಂಡವತೆ ಬೆಂಗಳೂರಿನ ಸೆರೆಮನೆಯಲ್ಲಿದ್ದರು. ರೈಲುಗಳು ಸಮಯಕ್ಕೆ ಸರಿಯಾಗಿ ಓಡಿದವು ಎಂದು ಈಗಲೂ ಹೊಗಳುವವರಿದ್ದಾರೆ. ಅವರು ಇನ್ನೊಂದು ಅಂಕಿಯನ್ನೂ ನೆನಪಿಡಬೇಕು. 1976-77ರಲ್ಲಿ ಸಂತಾನಹರಣ ಶಸ್ತ್ರಚಿಕಿತ್ಸೆಗೆ ದೇಶಕ್ಕೆ ಇಟ್ಟ ಗುರಿ ಸುಮಾರು 43 ಲಕ್ಷ; ಮಾಡಿದ್ದು 81 ಲಕ್ಷಕ್ಕೂ ಹೆಚ್ಚು. ಮೇಲಿನಿಂದ ಗುರಿ ಬರುತ್ತದೆ, ಕೆಳಗಿನಿಂದ ಬೇಡ ಎನ್ನುವ ದನಿ ಬರುವಂತಿಲ್ಲ. ಅಂಥಲ್ಲಿ ಅಧಿಕಾರಿ ಗುರಿಯನ್ನು ಮೀರಿಸಿಯೇ ತೋರಿಸುತ್ತಾನೆ. ಚೀನಾದಲ್ಲಿ ಬೆಳೆಯ ಲೆಕ್ಕದಲ್ಲಿ ಆದದ್ದು ನಮ್ಮಲ್ಲಿ ಮನುಷ್ಯರ ಮೈಮೇಲೆ ಆಯಿತು. ಆಗ ರೇಡಿಯೊ ಕೂಡ ಒಂದೇ ದನಿಯಲ್ಲಿ ಮಾತಾಡುತ್ತಿತ್ತು. ಇವತ್ತು ಈ ಮಾತುಗಳನ್ನು ನಾನು ಮೈಕಿನ ಮುಂದೆ ಕೂತು ಹೇಳುತ್ತಿದ್ದೇನೆ, ನೀವು ಮನೆಯಲ್ಲಿ ಕೂತು ಕೇಳುತ್ತಿದ್ದೀರಿ. ಇದೇನು ಸಣ್ಣ ಸಂಗತಿಯಲ್ಲ.

1977ರ ಚುನಾವಣೆಯಲ್ಲಿ ದೇಶ ತುರ್ತುಪರಿಸ್ಥಿತಿ ಹೇರಿದ ಸರ್ಕಾರವನ್ನು ಕೆಳಗಿಳಿಸಿತು. ಕರ್ನಾಟಕ ಮಾತ್ರ ಆ ಸರ್ಕಾರದ ಪಕ್ಷಕ್ಕೇ 28ರಲ್ಲಿ 26 ಸ್ಥಾನ ಕೊಟ್ಟಿತು. ಅದಕ್ಕೂ ಇಲ್ಲಿ ಕಾರಣವಿತ್ತು. ಆ ಕಾರಣಗಳಲ್ಲಿ ಒಂದು ಆಗಿನ ಮುಖ್ಯಮಂತ್ರಿ ದೇವರಾಜ ಅರಸರ ಭೂಸುಧಾರಣೆ. ದೊಡ್ಡವರ ಕೈಯಿಂದ ನೆಲ ಬಿಡಿಸಿ ಉಳುವವನಿಗೆ ಕೊಡಲು ಸರ್ವಾಧಿಕಾರಿಯೇ ಬೇಕು ಎನ್ನುವ ಮಾತಿದೆ. ಚೀನಾದಲ್ಲಿ, ರಷ್ಯಾದಲ್ಲಿ ಅದು ರಕ್ತದಲ್ಲಿ ನಡೆಯಿತು. ಕರ್ನಾಟಕದಲ್ಲಿ ಕಾಗದದ ಮೇಲೆ ನಡೆಯಿತು. ವಿಧಾನಸಭೆ ಒಪ್ಪಿದ ಕಾಯ್ದೆ 1974ರ ಮಾರ್ಚ್ 1ರಂದು ಜಾರಿಗೆ ಬಂತು. ಗೇಣಿದಾರ ಫಾರ್ಮ್ ನಂಬರ್ 7 ತುಂಬಿ ಕೊಡಬೇಕು. ತಾಲ್ಲೂಕಿನ ನ್ಯಾಯಮಂಡಳಿಯ ಮುಂದೆ ವಕೀಲರಿಗೆ ಪ್ರವೇಶವಿರಲಿಲ್ಲ. ಗೌಡನೂ ಗೇಣಿದಾರನೂ ತಮ್ಮ ಬಾಯಿಂದಲೇ ಮಾತಾಡಬೇಕಿತ್ತು. ತಲೆತಲಾಂತರದಿಂದ ಧಣಿಯ ಕಟ್ಟೆಯ ಕೆಳಗೆ ನಿಂತವನು, ಅದೇ ಧಣಿಯ ಎದುರು, "ಈ ಹೊಲ ನಾ ಉತ್ತೇನ್ರಿ" ಎಂದು ಹೇಳಿದ ದಿನ ಅದು. ಲೋಪಗಳಿದ್ದವು, ವರ್ಷಗಟ್ಟಲೆ ಎಳೆದ ಪ್ರಕರಣಗಳಿದ್ದವು. ಆದರೂ ಒಂದು ತಲೆ ಉರುಳದೆ ಸಾವಿರಾರು ಮನೆಗಳಿಗೆ ಪಹಣಿ ಬಂತು.

ನಮ್ಮ ಪ್ರಜಾಪ್ರಭುತ್ವ ಚೆನ್ನಾಗಿದೆ ಎಂದು ಹೇಳಿ ಮುಗಿಸಲು ನಾನು ಬಂದಿಲ್ಲ. ಮೂಡಲಗಿಯ ಆ ರೈತರಿಗೆ ನಾನು ಋಣಿ; ಅವರ ಸಿಟ್ಟು ನಮ್ಮ ರೋಗವನ್ನು ತೋರಿಸುತ್ತದೆ. ನಮ್ಮ ತಾಲ್ಲೂಕುಗಳಲ್ಲಿ ಸಹಕಾರಿ ಸಂಘದ ಚುನಾವಣೆ ವಿಧಾನಸಭೆಯ ಚುನಾವಣೆಯಷ್ಟೇ ಖರ್ಚಿನ ಜಿದ್ದಾಗಿದೆ. ಬ್ಯಾಂಕು, ಕಾರ್ಖಾನೆ, ಸೊಸೈಟಿ, ಶಾಸನಸಭೆ ನಾಲ್ಕರ ಕೀಲಿಯೂ ಕೆಲವೇ ಮನೆಗಳ ಗೂಟಕ್ಕೆ ನೇತು ಬಿದ್ದರೆ, ಸಾಲ ಕೊಡುವವನೂ ಕಬ್ಬು ಕೊಳ್ಳುವವನೂ ಓಟು ಕೇಳುವವನೂ ಒಬ್ಬನೇ ಆಗುತ್ತಾನೆ. ಆಗ ರೈತ ಯಾರ ಮೇಲೆ ಯಾರಿಗೆ ದೂರು ಹೇಳಬೇಕು? ಬೇಲಿಯೇ ಎದ್ದು ಹೊಲ ಮೇಯುವುದು ಎಂದರೆ ಇದೇ. ಬರಗಾಲದ ಹೆಣಗಳನ್ನು ತಡೆದ ನಮ್ಮ ವ್ಯವಸ್ಥೆ ದಿನನಿತ್ಯದ ಅಪೌಷ್ಟಿಕತೆಯನ್ನು ತಡೆಯಲಿಲ್ಲ ಎಂದು ಎಚ್ಚರಿಸಿದವರೂ ಅಮರ್ತ್ಯ ಸೇನರೇ. ಸದ್ದು ಮಾಡುವ ಸಾವನ್ನು ನಾವು ಕೇಳಿಸಿಕೊಂಡೆವು. ಸದ್ದಿಲ್ಲದ ಹಸಿವನ್ನು ಕೇಳಿಸಿಕೊಳ್ಳಲಿಲ್ಲ.

ಇನ್ನೊಂದು ನೋವು. ಸಚಿವರಾಗಿದ್ದ ಅಬ್ದುಲ್ ನಜೀರ್ ಸಾಬರು ಕಟ್ಟಿದ ಪಂಚಾಯತ್ ವ್ಯವಸ್ಥೆ 1987ರಲ್ಲಿ ಇಡೀ ದೇಶಕ್ಕೆ ಮಾದರಿಯಾಗಿತ್ತು. ಅದೇ ಕರ್ನಾಟಕದಲ್ಲಿ 2021ರಲ್ಲಿ ಜಿಲ್ಲಾ ಪಂಚಾಯತಿ, ತಾಲ್ಲೂಕು ಪಂಚಾಯತಿಗಳ ಅವಧಿ ಮುಗಿದ ಮೇಲೆ ವರ್ಷಗಟ್ಟಲೆ ಚುನಾವಣೆಯೇ ನಡೆಯಲಿಲ್ಲ. ಅಧಿಕಾರ ಆಡಳಿತಾಧಿಕಾರಿಗಳ ಕೈಗೆ ಹೋಯಿತು. ಬೀದಿಯಲ್ಲಿ ಟ್ಯಾಂಕು ಬರಲಿಲ್ಲ, ರೇಡಿಯೊದಲ್ಲಿ ಘೋಷಣೆ ಬರಲಿಲ್ಲ. ನಮ್ಮ ತಾಲ್ಲೂಕಿನ ಹಣದ ಲೆಕ್ಕ ಕೇಳುವ ಒಂದು ಸಭೆ ಮುಚ್ಚಿಹೋಯಿತು, ನಾವು ಸುಮ್ಮನಿದ್ದೆವು. ಪ್ರಜಾಪ್ರಭುತ್ವ ಹೀಗೂ ಸವೆಯುತ್ತದೆ, ಹಗ್ಗ ಸವೆದ ಹಾಗೆ, ಒಂದೊಂದೇ ಎಳೆ.

ಸುಮ್ಮನಿರದೆ ಇದ್ದಾಗ ಏನಾಗುತ್ತದೆ ಎಂಬುದಕ್ಕೂ ಈ ಸೀಮೆಯಲ್ಲೇ ಸಾಕ್ಷಿ ಇದೆ. 2017ರಲ್ಲಿ ಹೊಸ ತಾಲ್ಲೂಕುಗಳ ಪಟ್ಟಿಯಿಂದ ಮೂಡಲಗಿಯ ಹೆಸರು ಬಿಟ್ಟುಹೋದಾಗ ಜನ ಅಂಗಡಿ ಮುಚ್ಚಿ ಧರಣಿ ಕೂತರು. ಪಟ್ಟಿ ತಿದ್ದಲೇಬೇಕಾಯಿತು, ಮೂಡಲಗಿ ತಾಲ್ಲೂಕಾಯಿತು. ನಮ್ಮನ್ನು ಒಪ್ಪದವರೂ ಸುಮ್ಮನಿರಲಿಲ್ಲ. 1996ರ ಲೋಕಸಭಾ ಚುನಾವಣೆಯಲ್ಲಿ ಬೆಳಗಾವಿ ಕ್ಷೇತ್ರಕ್ಕೆ 456 ಅಭ್ಯರ್ಥಿಗಳು ನಿಂತರು. ಕರ್ನಾಟಕ-ಮಹಾರಾಷ್ಟ್ರ ಗಡಿಯ ಬಗ್ಗೆ ನಮ್ಮ ನಿಲುವನ್ನು ಒಪ್ಪದ ಮರಾಠಿ ಬಾಂಧವರ ಪ್ರತಿಭಟನೆ ಅದು. ಅವರ ಬೇಡಿಕೆಯನ್ನು ನಾನು ಒಪ್ಪುವುದಿಲ್ಲ. ಆದರೆ ಆ 456 ಹೆಸರಿಗೂ ಮತಪತ್ರದಲ್ಲಿ ಜಾಗ ಕೊಟ್ಟ ದೇಶ ನನ್ನದು ಎಂಬುದು ನನಗೆ ಹೆಮ್ಮೆ. ಸರ್ವಾಧಿಕಾರದಲ್ಲಿ ಮತಪತ್ರ ತೆಳ್ಳಗಿರುತ್ತದೆ. ಒಂದೇ ಹೆಸರು ಸಾಕು.

ಹಾಗಾದರೆ ಮೂಡಲಗಿಯ ಚಹಾದಂಗಡಿಯಲ್ಲಿ ನಾನು ಏನು ಉತ್ತರ ಕೊಟ್ಟೆ? ಆ ರೈತರನ್ನು ಒಂದೇ ಪ್ರಶ್ನೆ ಕೇಳಿದೆ: "ಯಜಮಾನ್ರ, ಇವತ್ತ ಎತ್ತ ತಗೊಂಡ್ರೇನ?" "ತಗೊಂಡೇನ್ರಿ." "ಹಲ್ಲ ನೋಡಿದ್ರಿ?" "ನೋಡದ ಹ್ಯಾಂಗ ತಗೋತಾರ್ರಿ!" "ಮನಿಗೆ ಹೋದ ಮ್ಯಾಲೆ ಹಾಯಾಕತ್ತಿದ್ರ?" "ಮುಂದಿನ ಸಂತಿಗೆ ಹೊಡಕೊಂಡ ಬಂದ ಮಾರತೇವಿ." "ಮಿಲಿಟರಿ ಆಡಳಿತ ಅಂದ್ರ ಹಲ್ಲ ನೋಡದ ಕಟ್ಟಿಕೊಂಡ ಎತ್ತರಿ. ಹಾಯಾಕತ್ತಿದ್ರ ಮುಂದಿನ ಸಂತೀನ ಇರೂದಿಲ್ಲ." ಅವರು ಬಹಳ ಹೊತ್ತು ಲೋಟ ತಿರುಗಿಸುತ್ತ ಕೂತರು. ಆಮೇಲೆ, "ಖರೇ ಐತ್ರಿ. ಆದ್ರ ಈಗಿನ ಎತ್ತೂ ಹೂಡಾಕ ಬರಂಗಿಲ್ಲಲಾ" ಎಂದರು.

ಅವರ ಮಾತಿಗೆ ಆ ದಿನ ನನ್ನಲ್ಲಿ ಪೂರ್ತಿ ಉತ್ತರ ಇರಲಿಲ್ಲ. ಎಷ್ಟೋ ದಿನ ಯೋಚಿಸಿದ ಮೇಲೆ ನನಗೆ ನೆನಪಾದದ್ದು ಪೆಂಡಾಲಿನಲ್ಲಿ ಎದ್ದು ನಿಂತ ಆ ತಾಯಿ. ಐದು ವರ್ಷಕ್ಕೊಮ್ಮೆ ಓಟು ಹಾಕಿ ಮಲಗಿದರೆ ಎತ್ತು ಸಾಲು ಹಿಡಿಯುವುದಿಲ್ಲ. ಮೇಳಿ ಹಿಡಿದವನು ಹೊಲದುದ್ದಕ್ಕೂ ಹಿಂದೆ ನಡೆಯಬೇಕು. ನಿಮ್ಮೂರಿನ ಗ್ರಾಮಸಭೆಯ ಡಂಗುರ ಕೇಳಿದ ದಿನ ಹೊಲದ ಕೆಲಸ ಒಂದು ಹೊತ್ತು ನಿಲ್ಲಿಸಿ ಹೋಗಿ. ಸೊಸೈಟಿಯ ವಾರ್ಷಿಕ ವರದಿ ಬಂದರೆ ಅದರಲ್ಲಿ ಚುರಮುರಿ ಕಟ್ಟುವ ಮೊದಲು ಖರ್ಚಿನ ಪಾನ ತೆಗೆದು ನೋಡಿ. ಅಲ್ಲಿ 'ಇತರೆ' ಎಂಬ ಸಾಲು ಕಂಡರೆ ಎದ್ದು ನಿಂತು, ಗೌರವದಿಂದಲೇ, ಇತರೆ ಅಂದರೆ ಏನು ಎಂದು ಕೇಳಿ. ಚಹಾ ಬಂತು, ಕುಂದರ ಎಂದರೆ ಕೂರಬೇಡಿ.